ಹನ್ನೊಂದಕ್ಕ ನೋಡಿದ ಯುದ್ಧದ ಸಿನಿಮಾ

ನನ್ನ ಅತ್ತೆಯ ಹೆಸರು ಗಿರಣಿಯಲ್ಲಿ ಯಾರಿಗೂ ಬೇಕಾಗಿರಲಿಲ್ಲ. ನೂರಾರು ಮಗ್ಗಗಳು ಒಟ್ಟಿಗೆ ಬಡಿದುಕೊಳ್ಳುವ ಶೆಡ್ಡಿನಲ್ಲಿ ಹೆಸರು ಹಿಡಿದು ಕೂಗಿದರೆ ಕೂಗಿದವರ ಗಂಟಲು ನೋಯುತ್ತದೆಯೇ ಹೊರತು ಎರಡು ಮಾರು ದೂರದಲ್ಲಿರುವವರು ತಿರುಗಿ ನೋಡುವುದಿಲ್ಲ. ಅದಕ್ಕೇ ಅಲ್ಲಿ ಬೆರಳೆತ್ತಿ ಮಗ್ಗದ ನಂಬರು ತೋರಿಸುವುದು ರೂಢಿ. ಅತ್ತೆ ನಡೆಸುತ್ತಿದ್ದದ್ದು ಹನ್ನೊಂದು ಮತ್ತು ಹನ್ನೆರಡನೆಯ ಮಗ್ಗ. ಹಾಗಾಗಿ ಅವಳು ಹನ್ನೊಂದಕ್ಕ. ಪಕ್ಕದ ಜೋಡಿ ಮಗ್ಗದ ಅವಳ ಗೆಳತಿ ಹದಿಮೂರಕ್ಕ. ಇಪ್ಪತ್ತಾರು ವರ್ಷ ಹೀಗೇ ನಡೆದು, ಬೀದಿಯ ಅಂಗಡಿಯವನ ಬಾಯಲ್ಲೂ, ಕೊನೆಗೆ ಮಾವನ ಬಾಯಲ್ಲೂ ಅತ್ತೆಗೆ ಅದೇ ಹೆಸರು ನಿಂತುಬಿಟ್ಟಿತ್ತು.

ನಾನು ಹಳ್ಳಿಯಿಂದ ಕಾಲೇಜು ಓದಲು ಬಂದು ಇಳಿದದ್ದು ಅವರ ಎರಡು ಕೋಣೆಯ ಮನೆಯಲ್ಲಿ. ಮೊದಲ ವಾರವೇ ನನಗೆ ಗಾಬರಿ ಹುಟ್ಟಿಸಿದ್ದು ಅವರ ಜಗಳ. ಅತ್ತೆ ಒಲೆಯ ಮುಂದೆ, ದರ್ಜಿ ಕೆಲಸದ ಮಾವ ಕಿಟಕಿ ಪಕ್ಕದ ಹೊಲಿಗೆ ಯಂತ್ರದ ಮುಂದೆ. ಇಬ್ಬರ ಹುಬ್ಬೂ ಗಂಟಾಗಿದೆ, ತುಟಿಗಳು ಪಟಪಟ ಅಲ್ಲಾಡುತ್ತಿವೆ. ಸದ್ದು ಮಾತ್ರ ಒಂದಿಷ್ಟೂ ಇಲ್ಲ. ಹತ್ತು ನಿಮಿಷ ಹೀಗೆ ಕಾದಾಡಿ, ಕೊನೆಗೆ ಅತ್ತೆ ಕಣ್ಣು ಮುಚ್ಚಿಕೊಂಡಳು. ಅಲ್ಲಿಗೆ ಜಗಳ ಮುಗಿಯಿತು. ಕಣ್ಣು ಮುಚ್ಚಿದವಳಿಗೆ ಇನ್ನೇನು ಹೇಳಿದರೂ ತಲುಪುವುದಿಲ್ಲವಲ್ಲ! ಪಕ್ಕದ ಮನೆಯಾಕೆ ತನ್ನ ಗಂಡನಿಗೆ, "ಆ ಮನೆ ನೋಡಿ ಕಲೀರಿ. ಒಂದು ದಿನಾನೂ ಗಂಡ ಹೆಂಡ್ತಿ ದನಿ ಏರಿಸಿದ್ದಿಲ್ಲ" ಎಂದು ಚುಚ್ಚುತ್ತಿದ್ದಳಂತೆ.

ಅದು ಮಗ್ಗದವರ ಮಾತು. ಲಾಳಿಯ ಹೊಡೆತದಲ್ಲಿ ಕಿವಿಗೆ ಕೆಲಸವಿಲ್ಲದ್ದರಿಂದ ಹಳೆಯ ನೇಯುವವರೆಲ್ಲ ತುಟಿ ನೋಡಿಯೇ ಮಾತಾಡಿಕೊಳ್ಳುತ್ತಾರೆ. ಹೊಸಬರಿಗೆ ಕಿವಿಗೆ ತುರುಕಿಕೊಳ್ಳಲು ಮೆತ್ತೆ ಕೊಡುತ್ತಾರೆ, ಮಗ್ಗದ ತಲೆಯ ಮೇಲೆ ಕೆಂಪು ಹಸಿರು ದೀಪ ಇಟ್ಟಿದ್ದಾರೆ. ಅವರಿಗೆ ತುಟಿಯ ಮಾತು ಅಷ್ಟಾಗಿ ಬಾರದು. ಅತ್ತೆಗೆ ಮಾತ್ರ ಅದು ಹವ್ಯಾಸದ ವಿದ್ಯೆಯಾಗಿ ಉಳಿದಿರಲಿಲ್ಲ. ನಾನು ಬರುವ ಹೊತ್ತಿಗೆ ಅವಳ ಎರಡೂ ಕಿವಿ ಪೂರಾ ಹೋಗಿತ್ತು. ವರ್ಷಕ್ಕಿಷ್ಟು ಎಂದು ಶೆಡ್ಡು ತೆಗೆದುಕೊಂಡದ್ದು ಅದು. ಯಾವ ವರ್ಷ ಕೊನೆಯ ಸದ್ದು ಹೋಯಿತೆಂದು ಅವಳಿಗೇ ನೆನಪಿರಲಿಲ್ಲ.

"ಪೂರ್ತಿ ಮೌನ ಅಂತ ತಿಳ್ಕೋಬೇಡ ಪುಟ್ಟಿ," ಎಂದು ಒಮ್ಮೆ ಹೇಳಿದ್ದಳು. "ಒಳಗಡೆ ಮಗ್ಗ ಓಡ್ತಾನೇ ಇರುತ್ತೆ. ಟಕ್ಕು ಟಕ್ಕು, ಟಕ್ಕು ಟಕ್ಕು. ಮಲಗಿದ್ರೂ ನಿಲ್ಲಲ್ಲ. ಸಂಬಳ ಇಲ್ಲದ ಪಾಳಿ ಅದು."

ಗಿರಣಿಯಲ್ಲಿ ಇದು ಹದಿಮೂರಕ್ಕನೊಬ್ಬಳನ್ನು ಬಿಟ್ಟರೆ ಯಾರಿಗೂ ಗೊತ್ತಿರಲಿಲ್ಲ. ಎಲ್ಲರ ಬಾಯಿಯನ್ನೂ ಅತ್ತೆ ಓದುತ್ತಿದ್ದಳು, ಸರಿಯಾಗಿ ಉತ್ತರ ಕೊಡುತ್ತಿದ್ದಳು. ಓದಲಾಗದಿದ್ದರೆ ನಕ್ಕು ತಲೆಯಾಡಿಸುತ್ತಿದ್ದಳು. ಆ ತಲೆಯಾಡಿಸುವುದೇ ಕೊನೆಗೆ ಅವಳ ಕುತ್ತಿಗೆಗೆ ಬಂತು.

ಹೊಸ ಮೇಸ್ತ್ರಿ ಬಂದದ್ದು ಆ ವರ್ಷ. ಕೆಲಸ ಬಲ್ಲ ಮನುಷ್ಯ, ಕೆಟ್ಟವನಲ್ಲ. ಆದರೆ ಅವನಿಗೊಂದು ಮೀಸೆಯಿತ್ತು. ಮೇಲಿನ ತುಟಿಯನ್ನು ಪೂರ್ತಿ ಮುಚ್ಚಿ, ಕೆಳಗಿನದಕ್ಕೂ ನೆರಳು ಕೊಡುವಂಥ ಮೀಸೆ. ಅವನು ಮಾತಾಡಿದರೆ ಪೊದೆಯೊಳಗೆ ಏನೋ ಹರಿದಾಡಿದಂತೆ ಕಾಣುತ್ತಿತ್ತೇ ವಿನಾ ಅಕ್ಷರ ಹುಟ್ಟುತ್ತಿರಲಿಲ್ಲ. ಅತ್ತೆ ಮೂರು ತಿಂಗಳು ಅವನಿಗೆ ನಕ್ಕು ತಲೆಯಾಡಿಸಿಯೇ ಕಾಲ ತಳ್ಳಿದಳು.

ಒಂದು ದಿನ ಹನ್ನೆರಡನೆಯ ಮಗ್ಗಕ್ಕೆ ಯಾರೋ ತಪ್ಪು ನೂಲು ತಂದಿಟ್ಟಿದ್ದರು. ನೋಡಲು ಅದೇ ಬಿಳಿ, ದಪ್ಪ ಮಾತ್ರ ಬೇರೆ. ಮೇಸ್ತ್ರಿ ಓಣಿಯ ತುದಿಯಲ್ಲಿ ನಿಂತು "ನಿಲ್ಸು, ನಿಲ್ಸು" ಎಂದು ಕೂಗಿದ. ಅತ್ತೆ ಅವನನ್ನು ನೋಡಿದಳು, ನಕ್ಕಳು, ತಲೆಯಾಡಿಸಿದಳು, ಮಗ್ಗ ಓಡಿಸುತ್ತಲೇ ಹೋದಳು. ಅವನು ಇಡೀ ಶೆಡ್ಡು ಸುತ್ತಿ, ಊಟ ಮುಗಿಸಿ ತಿರುಗಿ ಬರುವಷ್ಟರಲ್ಲಿ ಹತ್ತೊಂಬತ್ತು ಮೀಟರು ಬಟ್ಟೆ ಹಾಳಾಗಿತ್ತು. ಬೇಕೆಂದೇ ಮಾಡಿದಳು, ನನ್ನ ಮುಖಕ್ಕೇ ನಕ್ಕಳು ಎಂದು ಅವನು ಉರಿದುಬಿದ್ದ. ವಿಚಾರಣೆಯಾಯಿತು. ಡಾಕ್ಟರು ಕಿವಿ ಪರೀಕ್ಷೆ ಮಾಡಿ ಚೀಟಿ ಬರೆದುಕೊಟ್ಟರು. ಗುಟ್ಟು ಬಯಲಾಯಿತು.

ಮ್ಯಾನೇಜರಮ್ಮ ನ್ಯಾಯವಾಗಿ ನಡೆಯುವ ಹೆಂಗಸು ಎಂದು ಎಲ್ಲರೂ ಹೇಳುತ್ತಿದ್ದರು. "ಕಿವಿ ಹೋಗಿದ್ದಕ್ಕೆ ಯಾರನ್ನೂ ಮನೆಗೆ ಕಳಿಸೋಲ್ಲ," ಎಂದರು ಅವರು. "ಆದ್ರೆ ಹೇಳಿದ ಮಾತು ತಲುಪದವರ ಕೈಗೆ ಓಡೋ ಯಂತ್ರ ಕೊಡೋದು ಹೇಗಮ್ಮ? ನಾಳೆ ಯಾರದಾದ್ರೂ ಬೆರಳು ಹೋದ್ರೆ? ಸದ್ಯ ಪ್ಯಾಕಿಂಗ್ ರೂಮಿಗೆ ಹೋಗು. ಹದಿನೈದು ದಿನದಲ್ಲಿ ಯೋಚನೆ ಮಾಡಿ ಹೇಳ್ತೀನಿ."

ಪ್ಯಾಕಿಂಗ್ ರೂಮಿನಲ್ಲೂ ಸಂಬಳ ಅಷ್ಟೇ. ಕೂತು ಮಾಡುವ ಕೆಲಸ, ಫ್ಯಾನಿದೆ. ಮಾವ ಅದನ್ನೇ ಹೇಳಿ ಸಮಾಧಾನ ಮಾಡಲು ಹೋದ. ಅತ್ತೆ ಮೂರು ದಿನ ಮನೆಯಲ್ಲಿ ಕಣ್ಣು ಮುಚ್ಚಿಕೊಂಡೇ ಓಡಾಡಿದಳು ಎಂದರೆ ಹೆಚ್ಚಾಗಲಿಕ್ಕಿಲ್ಲ. ನಾಲ್ಕನೆಯ ದಿನ ನನ್ನೆದುರು ಕೂತು ಹೇಳಿದಳು: "ಪ್ಯಾಕಿಂಗ್ ರೂಮಲ್ಲಿ ನಂಬರಿಲ್ಲ ಪುಟ್ಟಿ. ನನ್ನ ಮಗ್ಗಕ್ಕೆ ಯಾರು ಬರ್ತಾಳೋ ಅವಳೇ ಹನ್ನೊಂದಕ್ಕ ಆಗ್ತಾಳೆ. ನಾನು ಯಾರು ಆಗ್ಲಿ?"

ಗಿರಣಿಯ ಹಿಂದೆ ಕಾರ್ಮಿಕರದೇ ಒಂದು ಹಾಲ್ ಇದೆ. ತಗಡಿನ ಮಾಡು, ಕಬ್ಬಿಣದ ಕುರ್ಚಿ, ಗೋಡೆಗೆ ಬಿಳಿಯ ಪರದೆ. ಆ ಪರದೆಯ ಬಟ್ಟೆ ನೇಯ್ದದ್ದು ಹನ್ನೊಂದನೆಯ ಮಗ್ಗದಲ್ಲಿ. ಎರಡು ಪಟ್ಟಿ ಜೋಡಿಸಿ ಹೊಲಿದದ್ದು ನಮ್ಮ ಮಾವ. ಭಾನುವಾರ ಮಧ್ಯಾಹ್ನ ಅಲ್ಲಿ ಸಿನಿಮಾ ಹಾಕುತ್ತಾರೆ. ಆ ಭಾನುವಾರ ಯುದ್ಧದ ಸಿನಿಮಾ ಎಂದು ಬೋರ್ಡು ಬರೆದಿತ್ತು. ನಮ್ಮ ಭಾಷೆಯಲ್ಲೇ ತೆಗೆದದ್ದು, ಆಮೇಲೆ ಬೇರೆ ಭಾಷೆಗಳಿಗೂ ಡಬ್ ಆಗಿ ಹೆಸರು ಮಾಡಿದ್ದು ಎಂದು ಆಪರೇಟರ್ ವಾರದಿಂದ ಡಂಗುರ ಹೊಡೆದಿದ್ದ. ಬಾಂಬು, ಟ್ಯಾಂಕು, ವಿಮಾನ ನೋಡಲು ನೂರೈವತ್ತು ಜನ ಬಂದು ತುಂಬಿದ್ದರು. ಮೊದಲ ಸಾಲಿನಲ್ಲಿ ಮ್ಯಾನೇಜರಮ್ಮ, ಅವರ ಪಕ್ಕ ಮೇಸ್ತ್ರಿ. ಅತ್ತೆಗೆ ಬರಲು ಮನಸ್ಸಿರಲಿಲ್ಲ. ಹದಿಮೂರಕ್ಕ ಬಂದು ಕೈ ಹಿಡಿದು ಎಳೆದುಕೊಂಡು ಹೋದಳು. ನಾನೂ ಮಾವನೂ ಹಿಂದೆ ಹೋದೆವು.

ದೀಪ ಆರಿತು. ಗುಡ್ಡದ ತುದಿಯ ಒಂದು ಕಾವಲು ಠಾಣೆ. ಅದರೊಳಗೆ ಒಬ್ಬ ಕ್ಯಾಪ್ಟನ್, ಒಬ್ಬ ವೈರ್‌ಲೆಸ್ ಸೈನಿಕ. ಕ್ಯಾಪ್ಟನ್ ಬಾಯಿ ತೆರೆದ; ಹಾಲಿನಲ್ಲಿ ಗುಸುಗುಸು ಶುರುವಾಯಿತು. ಮಾತು ನಮ್ಮದಾಗಿರಲಿಲ್ಲ. ಸಿನಿಮಾ ಕಂಪನಿಯವರು ರೀಲಿನ ಪೆಟ್ಟಿಗೆ ಅದಲುಬದಲು ಮಾಡಿ, ಎಲ್ಲಿಗೋ ಹೋಗಬೇಕಿದ್ದ ಡಬ್ಬಿಂಗ್ ಪ್ರತಿಯನ್ನು ನಮಗೆ ಕಳಿಸಿದ್ದರು. ಹಾಲಿನಲ್ಲಿ ಒಬ್ಬರಿಗೂ ಅದರ ಒಂದಕ್ಷರ ಬಾರದು.

"ಏಯ್ ಆಪರೇಟರ್, ಇದ್ಯಾವ ದೇಶದ ಮಾತೋ?"

"ತಲೆಕೆಳಗೆ ಹಾಕಿದ್ದಾನೆ ರೀಲು!"

"ನಿಲ್ಸೋ, ಮನೇಲಿ ಮಲಗೋದಾದ್ರೂ ಮಲಗ್ತೀವಿ!"

ಸೀಟಿ, ಕುರ್ಚಿ ಬಡಿಯುವ ಸದ್ದು. ಆಪರೇಟರ್ ಕಿಂಡಿಯಿಂದ ತಲೆ ಹೊರಹಾಕಿ ಕೈಮುಗಿದ. ಇನ್ನೇನು ಯಂತ್ರ ನಿಲ್ಲಿಸಬೇಕು, ಅಷ್ಟರಲ್ಲಿ ಅತ್ತೆ ನಕ್ಕಳು.

ಸಣ್ಣ ನಗುವಲ್ಲ. ತಾನು ಎಷ್ಟು ಜೋರು ಎಂದು ತನಗೇ ತಿಳಿಯದವರ ನಗು ಅದು. ತಗಡಿನ ಮಾಡಿಗೆ ಹೋಗಿ ಬಡಿಯಿತು. ಪಕ್ಕದಲ್ಲಿ ಹದಿಮೂರಕ್ಕನೂ ಸೆರಗು ಬಾಯಿಗೆ ಹಿಡಿದು ನಗುತ್ತಿದ್ದಳು. ಇಡೀ ಹಾಲು ತಿರುಗಿ ಇಬ್ಬರನ್ನೂ ನೋಡಿತು.

ಮ್ಯಾನೇಜರಮ್ಮ ಎದ್ದು ನಿಂತರು. "ಏನಮ್ಮ ಅಂಥ ನಗೋ ವಿಷಯ?"

ಆಪರೇಟರ್ ಕಿಂಡಿಯಿಂದ ಬರುವ ಬೆಳಕು ಅವರ ಮುಖದ ಮೇಲೆ ಬಿದ್ದಿತ್ತು. ಅತ್ತೆ ಓದಿಕೊಂಡು, ಮುಗ್ಧವಾಗಿ ಹೇಳಿದಳು: "ಅಲ್ಲ ಮೇಡಂ, ಆ ವೈರ್‌ಲೆಸ್‌ನವನು ಅಂದಿದ್ದು ಕೇಳ್ಲಿಲ್ವಾ? 'ಸಾಹೇಬ್ರೇ, ಇಲ್ಲಿ ಶತ್ರು ಬರೋದಕ್ಕೆ ಮುಂಚೆ ನಿಮ್ಮ ಅಡುಗೇನೇ ನನ್ನ ಕೊಲ್ಲುತ್ತೆ' ಅಂದ!"

ನಾನು ಅವಳ ಭುಜ ಹಿಡಿದು ನನ್ನ ಕಡೆ ತಿರುಗಿಸಿ, ಸದ್ದಿಲ್ಲದೆ ಹೇಳಿದೆ: "ಅತ್ತೆ, ಸಿನಿಮಾ ಬೇರೆ ಭಾಷೇಲಿ ಬರ್ತಿದೆ. ಯಾರಿಗೂ ಅರ್ಥ ಆಗ್ತಿಲ್ಲ."

ಅವಳು ಪರದೆ ನೋಡಿದಳು, ನನ್ನನ್ನು ನೋಡಿದಳು. "ಯಾವ ಬೇರೆ ಭಾಷೆ? ಬಾಯಿ ನಮ್ಮ ಭಾಷೇಲೇ ಇದೆಯಲ್ಲ!"

ಅಷ್ಟು ಹೊತ್ತಿಗೆ ಮಾವ ಎದ್ದು ಕುರ್ಚಿಯ ಮೇಲೆ ಹತ್ತಿಬಿಟ್ಟಿದ್ದ. ಜೀವಮಾನದಲ್ಲಿ ಅವನು ಜನರೆದುರು ದನಿ ಎತ್ತಿದ್ದು ಅದೇ ಮೊದಲು. "ಸುಮ್ನಿರ್ರಪ್ಪಾ! ಆಪರೇಟರ್, ಓಡಿಸೋ ರೀಲು. ನನ್ನ ಹೆಂಡ್ತಿ ಹೇಳ್ತಾಳೆ."

ಅತ್ತೆ ನಾಚಿಕೊಂಡಳು. ಅವಳ ದನಿ ದೊಡ್ಡದು. ಅಂಗಡಿಯಲ್ಲಿ ಅವಳು ಸಾಮಾನು ಕೇಳಿದರೆ ಬೀದಿಯೆಲ್ಲ ತಿರುಗಿ ನೋಡುತ್ತಿತ್ತು, ನಾನು ನೆಲ ನೋಡುತ್ತಿದ್ದೆ. ಆದರೆ ಅವತ್ತು ಆ ಹಾಲಿಗೆ ಬೇಕಾದದ್ದು ಅಂಥ ದನಿಯೇ. ಹದಿಮೂರಕ್ಕ ಅವಳ ಬೆನ್ನಿಗೆ ಗುದ್ದಿ, "ಹೇಳೇ, ಬಾಯಿ ಓದೋಕೆ ನಿನ್ನಷ್ಟು ಚುರುಕು ಯಾರಿಗಿದೆ? ನನಗೆ ಅರ್ಧ ಸಿಗುತ್ತೆ, ನಿನಗೆ ಪೂರ್ತಿ," ಎಂದಳು. ಆಪರೇಟರ್ ಶಬ್ದ ತಗ್ಗಿಸಿದ. ಅತ್ತೆ ಎದ್ದು ನಿಂತು, ಮುಂದಿನ ಕುರ್ಚಿಯ ಬೆನ್ನು ಹಿಡಿದು, ಪರದೆಯ ಮೇಲಿಂದ ಕಣ್ಣು ತೆಗೆಯದೆ ಹೇಳತೊಡಗಿದಳು.

ಆ ಸಿನಿಮಾದಲ್ಲಿ ಬಾಂಬು ಟ್ಯಾಂಕು ಏನೂ ಇರಲಿಲ್ಲ. ಇಬ್ಬರು ಮನುಷ್ಯರು, ನಾಲ್ಕು ಗೋಡೆ, ದೊಡ್ಡದಾಗಿ ತೋರಿಸುವ ಮುಖಗಳು. ಬೇರೆಯವರಿಗೆ ಅದು ಸಪ್ಪೆ ಅನ್ನಿಸಬಹುದಿತ್ತು. ಅತ್ತೆಗೆ ಮುಖಗಳೇ ಸಾಕಾಗಿತ್ತು. ಕ್ಯಾಪ್ಟನ್‌ಗೆ ನೆಲದ ಕೆಳಗೆ ಯಾರೋ ಅಗೆಯುವ ಸದ್ದು ಕೇಳಿಸುತ್ತದೆ. ಶತ್ರು ಸುರಂಗ ತೋಡುತ್ತಿದ್ದಾನೆ ಎನ್ನುತ್ತಾನೆ. ನೆಲಕ್ಕೆ ಕಿವಿಯಿಟ್ಟು ಮಲಗುತ್ತಾನೆ. ಬಟ್ಟಲಲ್ಲಿ ನೀರು ಇಟ್ಟು ನಡುಗುತ್ತದೆಯೇ ಎಂದು ಗಂಟೆಗಟ್ಟಲೆ ನೋಡುತ್ತಾನೆ. ವೈರ್‌ಲೆಸ್ ಸೈನಿಕನಿಗೆ ಏನೂ ಕೇಳಿಸುವುದಿಲ್ಲ. ಆದರೂ ಸಾಹೇಬರ ಮೇಲಿನ ಮರುಕಕ್ಕೆ "ಹೌದು, ನನಗೂ ಕೇಳಿಸುತ್ತೆ" ಎಂದುಬಿಡುತ್ತಾನೆ. ಅಲ್ಲಿಂದ ಕೆಡುತ್ತದೆ. ಯಾವ ದಿಕ್ಕಿನಿಂದ, ಎಷ್ಟು ಆಳದಿಂದ ಎಂದು ಕ್ಯಾಪ್ಟನ್ ಕೇಳುತ್ತಾನೆ; ಒಂದು ಸುಳ್ಳಿನ ಮೇಲೆ ಇನ್ನೊಂದು ಪೇರಿಸಬೇಕಾಗುತ್ತದೆ. ಕೊನೆಗೆ ಕ್ಯಾಪ್ಟನ್ ಸುರಂಗ ಹಾರಿಸಲು ಮದ್ದಿಗೆ ತಂತಿ ಜೋಡಿಸುತ್ತಾನೆ. ಆ ಮದ್ದು ಅವರ ಕಾಲ ಕೆಳಗೇ ಇದೆ.

ಅತ್ತೆ ಇದನ್ನೆಲ್ಲ ನಾಟಕ ಮಾಡಿ ಹೇಳಲಿಲ್ಲ. ಸಂತೆಯ ಸುದ್ದಿ ಹೇಳುವವಳಂತೆ ನೇರವಾಗಿ ಹೇಳಿದಳು. "ಈಗ ಅವನಂದ: ನೀನೂ ಅವರ ಕಡೆಯವನೇನೋ?" "ಇವನಂದ: ಮಾವನಿಗೆ ಕಾಗದ ಬರೀಬೇಕು, ಬಿಡಿ ಸಾಹೇಬ್ರೇ." ಒಂದು ಕಡೆ ಕ್ಯಾಪ್ಟನ್ ಬೆನ್ನು ತಿರುಗಿಸಿ ಉದ್ದಕ್ಕೆ ಮಾತಾಡಿದ. ಹಾಲೆಲ್ಲ ಅತ್ತೆಯ ಕಡೆ ನೋಡಿತು. ಅವಳು ಕೈ ಚೆಲ್ಲಿದಳು. "ಬೆನ್ನಿಗೆ ಬಾಯಿಲ್ಲ. ತಿರುಗಿದ ಮೇಲೆ ಹೇಳ್ತೀನಿ."

ಕೊನೆಯಲ್ಲಿ ವೈರ್‌ಲೆಸ್ ಸೈನಿಕ ಮಂಡಿಯೂರಿ ಕುಳಿತ. ಅತ್ತೆಯ ದನಿ ಮೊದಲ ಸಲ ಸಣ್ಣದಾಯಿತು. "ಸಾಹೇಬ್ರೇ, ನನಗೆ ಏನೂ ಕೇಳಿಸಿರ್ಲಿಲ್ಲ. ನೀವು ಒಬ್ರೇ ಆಗ್ಬಾರ್ದು ಅಂತ ಕೇಳಿಸುತ್ತೆ ಅಂದೆ." ಕ್ಯಾಪ್ಟನ್‌ನ ಕೈ ಸ್ವಿಚ್ಚಿನಿಂದ ಜಾರಿತು. ಆಮೇಲೆ ಲಾರಿಯೊಂದು ಗುಡ್ಡ ಇಳಿಯುತ್ತಿದೆ. ಹಿಂದೆ ಕೂತ ಕ್ಯಾಪ್ಟನ್‌ನ ಮುಖ ಪರದೆಯ ತುಂಬ. ಅವನು ಏನೋ ಹೇಳಿದ. ಸ್ಪೀಕರಿನಲ್ಲಿ ಗಡಸು ದನಿಯ ಉದ್ದನೆಯ ಭಾಷಣವೊಂದು ಬಂತು. ಅತ್ತೆ ಹೇಳಿದ್ದು ಎರಡೇ ಮಾತು: "ಈಗ ನಿಂತಿತು."

ದೀಪ ಹತ್ತಿದಾಗ ಜನ ಚಪ್ಪಾಳೆ ಹೊಡೆದದ್ದು ಪರದೆಗಲ್ಲ. ಅತ್ತೆ ಸುತ್ತ ಬಡಿಯುವ ಕೈಗಳನ್ನು ನೋಡಿ ತಬ್ಬಿಬ್ಬಾಗಿ ಕೂತಳು.

ಮ್ಯಾನೇಜರಮ್ಮ ಎದ್ದು ಬಂದರು. ಅವಳೆದುರು ನಿಂತು ನಿಧಾನವಾಗಿ ಕೇಳಿದರು: "ಎಲ್ಲರ ಮಾತೂ ನಿಂಗೆ ಹೀಗೇ ಕಾಣುತ್ತಾ?"

"ಕಾಣುತ್ತೆ ಮೇಡಂ. ಒಬ್ಬರದ್ದು ಬಿಟ್ಟು."

"ಯಾರದ್ದು?"

ಅತ್ತೆ ಮೇಸ್ತ್ರಿಯ ಕಡೆ ಒಮ್ಮೆ ನೋಡಿ, ತನ್ನ ಮೂಗಿನ ಕೆಳಗೆ ಎರಡು ಬೆರಳು ಅಡ್ಡ ಇಟ್ಟುಕೊಂಡಳು.

ನೂರೈವತ್ತು ಜನ ಒಟ್ಟಿಗೆ ನಕ್ಕರು. ಕುರ್ಚಿಯಿಂದ ಬಿದ್ದವರೂ ಇದ್ದರು. ಮೇಸ್ತ್ರಿಯ ಮುಖ ಮೀಸೆಯ ಹಿಂದೆ ಕೆಂಪಗಾಯಿತು. ಮೂರು ತಿಂಗಳಿನಿಂದ ಅವನಿಗೆ ಇದನ್ನು ಯಾರೂ ಹೇಳಿರಲಿಲ್ಲ. ಮನೆಯಲ್ಲಿ ನಾನೇ ಎಷ್ಟು ಸಲ ಹೇಳಿದ್ದೆ, ಹೇಳಿಬಿಡು ಅತ್ತೆ ಎಂದು. "ಗಂಡಸಿನ ಮೀಸೆ ವಿಷಯ ನಾನ್ಯಾಕೆ ಎತ್ಲಿ?" ಎನ್ನುತ್ತಿದ್ದಳು.

"ನಗೋದು ಆಯ್ತಾ?" ಎಂದ ಮೇಸ್ತ್ರಿ. "ಈಗ ನಾನೊಂದು ಮಾತು ಕೇಳ್ತೀನಿ. ಇವಳು ಹೇಳಿದ್ದೇ ಸಿನಿಮಾದಲ್ಲಿತ್ತು ಅಂತ ಯಾರಿಗೆ ಗೊತ್ತು? ಚಿತ್ರ ನೋಡಿ ಕಥೆ ಕಟ್ಟೋಕೆ ಯಾರಿಗೂ ಬರುತ್ತೆ. ಕೊನೇಲಿ ನೋಡಿದ್ರಲ್ಲ, ಆ ಮನುಷ್ಯ ಅಷ್ಟುದ್ದ ಭಾಷಣ ಬಿಗಿದ. ಇವಳು ಎರಡು ಮಾತಲ್ಲಿ ಮುಗಿಸಿದ್ಲು!"

"ನನ್ನ ಮಾತು ಈಗ ಸರಿಯಾಗೇ ತಿಳ್ಕೊಂಡಳಲ್ಲ," ಎಂದರು ಮ್ಯಾನೇಜರಮ್ಮ.

"ನಿಮ್ಮದು ಪರಿಚಯದ ಬಾಯಿ ಮೇಡಂ. ನಾಳೆ ಶೆಡ್ಡಿಗೆ ಹೊಸಬರು ಬರ್ತಾರೆ, ಹೊರಗಿನ ಫಿಟ್ಟರ್ ಬರ್ತಾನೆ. ಗೊತ್ತಿಲ್ಲದ ಬಾಯಿ ಓದೋಕೆ ಬರುತ್ತಾ ಅನ್ನೋದೇ ಪ್ರಶ್ನೆ. ಮುಂದಿನ ಭಾನುವಾರಕ್ಕೆ ನಮ್ಮ ಭಾಷೇದು, ಸರಿಯಾದ ಪೆಟ್ಟಿಗೆ ತರಿಸೋಣ. ಹೋಲಿಸಿ ನೋಡೋಣ. ತಪ್ಪಾಗಿದ್ರೆ ಪ್ಯಾಕಿಂಗ್ ರೂಮು ಖಾಯಂ. ಸರಿಯಾಗಿದ್ರೆ ನಾನೇ ಕರ್ಕೊಂಡು ಹೋಗಿ ಮಗ್ಗದ ಮುಂದೆ ನಿಲ್ಲಿಸ್ತೀನಿ."

ಮ್ಯಾನೇಜರಮ್ಮ ಅತ್ತೆಯ ಮುಖ ನೋಡಿದರು. ಹದಿಮೂರಕ್ಕ ಅವನು ಹೇಳಿದ್ದನ್ನು ತುಟಿಯಲ್ಲೇ ಅವಳಿಗೆ ದಾಟಿಸಿದಳು. ಅತ್ತೆ ನಗಲಿಲ್ಲ, ಸುಮ್ಮನೆ ತಲೆಯಾಡಿಸಲೂ ಇಲ್ಲ. "ಆಗ್ಲಿ," ಎಂದಳು.

ನಾವೆಲ್ಲ ಅಲ್ಲೇ ಕುಳಿತು, ಅತ್ತೆ ಹೇಳಿದ ಮಾತುಗಳಲ್ಲಿ ಮುಖ್ಯವಾದ ನಲವತ್ತನ್ನು ನೆನಪು ಮಾಡಿ ಮಾಡಿ ಬರೆದೆವು. ಒಬ್ಬರು ಮರೆತದ್ದನ್ನು ಇನ್ನೊಬ್ಬರು ಕೊಟ್ಟರು. ಬೆನ್ನು ತಿರುಗಿಸಿದ ಕಡೆ "ಗೊತ್ತಿಲ್ಲ" ಎಂದು ಬರೆಯಬೇಕೆಂದು ಅತ್ತೆ ಹಟ ಹಿಡಿದಳು. ಮ್ಯಾನೇಜರಮ್ಮ ಹಾಳೆಗೆ ಸಹಿ ಹಾಕಿ ತಮ್ಮ ಚೀಲಕ್ಕೆ ಸೇರಿಸಿದರು.

ಆ ವಾರ ನಮ್ಮ ಬೀದಿಯಲ್ಲಿ ಬೇರೆ ಮಾತೇ ಇರಲಿಲ್ಲ. ನನಗೆ ಮಾತ್ರ ಪುಸ್ತಕ ಹಿಡಿದರೆ ಅಕ್ಷರ ಹತ್ತುತ್ತಿರಲಿಲ್ಲ. ಬುಧವಾರ ಬಟ್ಟೆ ಒಣಹಾಕುವಾಗ ಕೇಳಿಯೇಬಿಟ್ಟೆ: "ಅತ್ತೆ, ಆ ಕೊನೇ ಮಾತು... ಅಷ್ಟುದ್ದ ಭಾಷಣ ಬಂತಲ್ಲ, ಮಧ್ಯದಲ್ಲಿ ಏನಾದ್ರೂ ಬಿಟ್ಟುಹೋಗಿರಬಹುದಾ?"

"ಭಾಷಣ ನಿನ್ನ ಕಿವಿಗೆ ಬಂತು. ಆ ಬಾಯಿ ಎರಡು ಸಲ ತೆರೀತು, ಮುಚ್ಚಿತು. ಅಷ್ಟೇ."

"ನಿಂತಿತು ಅಂದ್ರೆ ಏನು ನಿಂತಿದ್ದು? ಲಾರಿ ಓಡ್ತಾನೇ ಇತ್ತಲ್ಲ?"

ಅತ್ತೆ ನನ್ನನ್ನು ನೋಡಿದಳು, ಇಷ್ಟು ಓದಿದರೂ ಇದು ತಿಳಿಯಲಿಲ್ಲವೇ ಎಂಬಂತೆ. ಒದ್ದೆ ಕೈಯಿಂದಲೇ ತನ್ನ ಕಿವಿ ಮುಟ್ಟಿಕೊಂಡಳು. "ಅಗೆಯೋದು ನಿಂತಿತು ಪುಟ್ಟಿ. ತಲೆ ಒಳಗಿನ ಅಗೆತ. ಅದು ನಿಂತ್ರೆ ಮನುಷ್ಯನ ಮುಖ ಹೇಗಾಗುತ್ತೆ ಅಂತ ಅವತ್ತೇ ನೋಡಿದ್ದು ನಾನು."

ಭಾನುವಾರ ಬಂತು. ಹಾಲಿನಲ್ಲಿ ಕೂರಲು ಜಾಗವಿರಲಿಲ್ಲ. ಪಕ್ಕದ ಬೀದಿಯವರೂ ಬಂದು ಗೋಡೆಗೆ ಒರಗಿ ನಿಂತಿದ್ದರು. ಮ್ಯಾನೇಜರಮ್ಮ ಹಾಳೆ ಬಿಡಿಸಿ ಮೇಸ್ತ್ರಿಯ ಕೈಗೇ ಪೆನ್ಸಿಲ್ ಕೊಟ್ಟರು, ಟಾರ್ಚನ್ನೂ ಕೊಟ್ಟರು. ಸರಿ ಅನಿಸಿದರೆ ಗುರುತು, ತಪ್ಪಾದರೆ ಗೀಟು.

ಈ ಸಲ ಕ್ಯಾಪ್ಟನ್ ನಮ್ಮ ಭಾಷೆಯಲ್ಲೇ ಮಾತಾಡಿದ. ಅಡುಗೆಯ ಮಾತು ಬಂತು, ಅಕ್ಷರ ಅಕ್ಷರ ಹಾಗೇ. ಜನ ನಗೆಯ ಜೊತೆಗೆ ಕೇಕೆ ಹಾಕಿದರು. ಮೇಸ್ತ್ರಿ ಗುರುತು ಹಾಕಿದ. ಎರಡು, ಮೂರು, ಹತ್ತು, ಹದಿನೈದು. ಪ್ರತಿ ಸಲ ಟಾರ್ಚು ಹತ್ತಿದಾಗಲೂ ಹಿಂದಿನ ಸಾಲುಗಳಿಂದ ಎಣಿಕೆ ಕೇಳಿಸುತ್ತಿತ್ತು. ಹದಿನೆಂಟನೆಯ ಮಾತಿಗೆ ವೈರ್‌ಲೆಸ್ ಸೈನಿಕ ಸ್ಪಷ್ಟವಾಗಿ ಹೇಳಿದ: "ಭಾವನಿಗೆ ಕಾಗದ ಬರೀಬೇಕು, ಬಿಡಿ ಸಾಹೇಬ್ರೇ."

"ತಪ್ಪು!" ಮೇಸ್ತ್ರಿ ಎದ್ದೇಬಿಟ್ಟ. "ಮಾವ ಅಂದಿದ್ಲು. ಇವನು ಭಾವ ಅಂದ!"

ಹದಿಮೂರಕ್ಕ ವಿಷಯ ದಾಟಿಸಿದಳು. ಅತ್ತೆ ಮಾತ್ರ ಆರಾಮಾಗಿ, ಹಾಲಿಗೆಲ್ಲ ಕೇಳುವಂತೆ ಉತ್ತರ ಕೊಟ್ಟಳು: "ಹಾಕ್ಕೊಳ್ಳಿ ಗೀಟು. ತುಟಿ ಮುಚ್ಚಿ ತೆಗೆಯೋ ಅಕ್ಷರ ಎಲ್ಲ ಒಂದೇ ತರ ಕಾಣುತ್ತೆ. ಮಾವನಾದ್ರೇನು, ಭಾವನಾದ್ರೇನು? ಇಬ್ಬರಿಗೂ ಕಾಗದ ಬರೆಯೋದು ಏನಾದ್ರೂ ಬೇಕಾದಾಗಲೇ ತಾನೆ!"

ನಗೆಯಲ್ಲಿ ಮುಂದಿನ ಎರಡು ಮಾತು ಮುಳುಗಿಹೋಗಿ, ಆಪರೇಟರ್ ರೀಲು ಹಿಂದಕ್ಕೆ ಸುತ್ತಬೇಕಾಯಿತು. ಮುಂದೆ ಗೀಟು ಬೀಳಲಿಲ್ಲ. ಮೂವತ್ತು ದಾಟಿತು. ಮಂಡಿಯೂರಿದ ಸೈನಿಕ ಹೇಳಿದ ಮಾತು ಹಾಳೆಯಲ್ಲಿದ್ದಂತೆಯೇ ಬಂದಾಗ ಮೇಸ್ತ್ರಿ ಟಾರ್ಚು ಹತ್ತಿಸುವುದನ್ನೇ ಮರೆತ. ಮ್ಯಾನೇಜರಮ್ಮ ಅವನ ಮೊಣಕೈ ತಟ್ಟಿ ನೆನಪಿಸಿದರು.

ಉಳಿದದ್ದು ನಲವತ್ತನೆಯದು. ಲಾರಿ ಗುಡ್ಡ ಇಳಿಯಿತು. ಕ್ಯಾಪ್ಟನ್‌ನ ಮುಖ ಪರದೆ ತುಂಬಿತು. ಮಾವನ ಹೊಲಿಗೆ ಅವನ ಹಣೆಯ ಮೇಲೆ ಸಣ್ಣ ಗೆರೆಯಂತೆ ಕಾಣುತ್ತಿತ್ತು. ತುಟಿ ಅಲ್ಲಾಡಿತು.

ಸದ್ದೇ ಬರಲಿಲ್ಲ. ಭಾಷಣವಿಲ್ಲ, ಸಂಗೀತವಿಲ್ಲ, ಲಾರಿಯ ಸದ್ದೂ ಇಲ್ಲ. ಪರದೆ ಕಪ್ಪಾಯಿತು.

"ಆಪರೇಟರ್, ಸ್ಪೀಕರ್ ಹೋಯ್ತೇನೋ!"

ಕಿಂಡಿಯಿಂದ ತಲೆ ಹೊರಬಂತು. "ಸ್ಪೀಕರ್ ಸರಿಯಿದೆ. ಸಿನಿಮಾ ತೆಗೆದವರೇ ಇಲ್ಲಿ ಶಬ್ದ ಇಟ್ಟಿಲ್ಲ. ಆ ಡಬ್ಬಿಂಗ್‌ನವರು ಖಾಲಿ ಯಾಕೆ ಬಿಡೋದು ಅಂತ ಭಾಷಣ ತುಂಬಿದ್ದಾರೆ."

ಹಾಲು ಗೊಂದಲಕ್ಕೆ ಬಿತ್ತು. ಮೇಸ್ತ್ರಿ ಹಾಳೆಯನ್ನೂ ಕಪ್ಪು ಪರದೆಯನ್ನೂ ನೋಡಿದ. "ಇದಕ್ಕೆ ಶಬ್ದಾನೇ ಇಲ್ಲ ಮೇಡಂ. ಸರಿನೋ ತಪ್ಪೋ ಹೇಗೆ ಹೇಳೋದು?"

"ನಮಗೂ ಕಣ್ಣಿದೆಯಲ್ಲ," ಎಂದರು ಮ್ಯಾನೇಜರಮ್ಮ. "ಆಪರೇಟರ್, ಅದನ್ನೇ ಇನ್ನೊಂದ್ಸಲ ಹಾಕು. ಎಲ್ಲರೂ ಬಾಯಿ ನೋಡಿ."

ರೀಲು ಹಿಂದಕ್ಕೆ ಸುತ್ತಿತು. ಮತ್ತೆ ಲಾರಿ, ಮತ್ತೆ ಗುಡ್ಡ, ಮತ್ತೆ ಆ ಮುಖ. ಎಲ್ಲರ ಕಣ್ಣು ಒಂದು ಜೊತೆ ತುಟಿಯ ಮೇಲೆ. ತುಟಿ ತೆರೆದ ಆ ಗಳಿಗೆಗೆ, ಯಾರು ಶುರು ಮಾಡಿದರೋ ಗೊತ್ತಿಲ್ಲ, ಇಡೀ ಹಾಲು ಒಂದೇ ದನಿಯಲ್ಲಿ ಹೇಳಿತು:

"ಈಗ ನಿಂತಿತು."

ತುಟಿಗೂ ಮಾತಿಗೂ ಕೂದಲೆಳೆಯಷ್ಟು ಅಂತರವಿರಲಿಲ್ಲ. ಇನ್ನೂರು ಜನರ ದನಿ ಆ ಮನುಷ್ಯನ ಬಾಯಿಂದಲೇ ಬಂದಂತಾಯಿತು. "ಇನ್ನೊಂದ್ಸಲ!" ಎಂದು ಹಿಂದಿನವರು ಕೂಗಿದರು. ಆಪರೇಟರ್ ಇನ್ನೊಂದು ಸಲ ಹಾಕಿದ. ಮೂರನೆಯ ಸಲಕ್ಕೆ ಮಾಡಿನ ತಗಡು ನಡುಗಿತು. ಅತ್ತೆ ಪರದೆಗೆ ಬೆನ್ನು ಮಾಡಿ ಜನರ ಕಡೆ ತಿರುಗಿ ನಿಂತಿದ್ದಳು. ಅವಳು ಓದುತ್ತಿದ್ದುದು ಇನ್ನೂರು ಬಾಯಿಗಳನ್ನು. ಎಲ್ಲದರಲ್ಲೂ ಅವಳದೇ ಮಾತು.

ಮೇಸ್ತ್ರಿ ನಲವತ್ತರ ಮುಂದೆ ಗುರುತು ಹಾಕಿದ. ಹಾಳೆ ಮಡಚಿ ಮ್ಯಾನೇಜರಮ್ಮನ ಕೈಗೆ ಕೊಟ್ಟ. ಬಾಗಿಲ ಕಡೆ ನಡೆದ.

"ಮೂವತ್ತೆಂಟು ಸರಿ, ಒಂದು ತಪ್ಪು, ಒಂದು ಗೊತ್ತಿಲ್ಲ," ಎಂದರು ಮ್ಯಾನೇಜರಮ್ಮ, ಅತ್ತೆಗೆ ಕಾಣುವಂತೆ ಮುಖವೆತ್ತಿ. "ನಮ್ಮ ಆಫೀಸಲ್ಲಿ ಎರಡೂ ಕಿವಿ ಇರೋರು ಇಷ್ಟು ಸರಿಯಾಗಿ ಕೇಳಿಸ್ಕೊಂಡಿದ್ದು ನಾನು ನೋಡಿಲ್ಲ. ನಾಳೆ ಬೆಳಿಗ್ಗೆ ಪಾಳಿಗೆ ಬಾ. ಆ ಹೊಸ ಹುಡುಗೀರಿಗೂ ಈ ವಿದ್ಯೆ ಕಲಿಸು."

ಹದಿಮೂರಕ್ಕ ಹತ್ತು ಬೆರಳು ಬಿಡಿಸಿ ಮೇಲೆತ್ತಿದಳು, ಆಮೇಲೆ ಒಂದು. ಅವಳ ಹಿಂದಿನ ಸಾಲಿನವರು ಎತ್ತಿದರು, ಅವರ ಹಿಂದಿನವರೂ ಎತ್ತಿದರು. ಮಾವ ಮನೆಗೆ ಹೋಗುವ ದಾರಿಯುದ್ದಕ್ಕೂ ಹೆಂಡತಿಯ ಮುಂದೆ ಉಲ್ಟಾ ನಡೆಯುತ್ತ, ಅವಳ ಮುಖ ನೋಡಿಕೊಂಡು ಸದ್ದಿಲ್ಲದೆ ಏನೇನೋ ಹೇಳುತ್ತಿದ್ದ. ನಾನು ಓದಲಿಲ್ಲ, ಅದು ನನಗಲ್ಲ.

ಮರುದಿನ ಬೆಳಿಗ್ಗೆ ಊಟದ ಡಬ್ಬಿ ಮರೆತಳೆಂದು ನಾನು ಅತ್ತೆಯ ಹಿಂದೆಯೇ ಗಿರಣಿಗೆ ಓಡಿದೆ. ಶೆಡ್ಡಿನ ಬಾಗಿಲವರೆಗೆ ಬಿಟ್ಟರು. ಮಗ್ಗಗಳು ಆಗಲೇ ಓಡುತ್ತಿದ್ದವು. ಕಾಲ ಕೆಳಗಿನ ನೆಲ ನಡುಗುತ್ತಿತ್ತು. ಹನ್ನೊಂದನೆಯ ಮಗ್ಗದ ಮುಂದೆ ಅತ್ತೆ ನಿಂತಿದ್ದಳು, ಒಂದು ಕೈ ಎಳೆಯ ಮೇಲೆ.

ಓಣಿಯ ಆ ತುದಿಯಲ್ಲಿ ಯಾರೋ ಅಪರಿಚಿತ ಮನುಷ್ಯ ಬಂದು ನಿಂತಂತೆ ಕಂಡಿತು. ಉದ್ದ ಮುಖ, ಬೆತ್ತಲೆ ಮೇಲ್ದುಟಿ, ಅಲ್ಲಿ ಮಾತ್ರ ಬಿಸಿಲು ಕಾಣದ ಬಿಳಿ ಚರ್ಮ. ಮೇಸ್ತ್ರಿಯೆಂದು ತಿಳಿಯಲು ನನಗೆ ಕ್ಷಣ ಹಿಡಿಯಿತು. ಅವನು ಬೆರಳಲ್ಲಿ ಹನ್ನೊಂದು ತೋರಿಸಿದ. ಕೂಗಲಿಲ್ಲ. ಬಾಯಿ ಅಗಲ ತೆರೆದು, ಒಂದೊಂದೇ ಅಕ್ಷರ ಬಿಡಿಸಿ ಹೇಳಿದ. ಅಷ್ಟು ದೂರದಿಂದ ನನಗೂ ಕಂಡಿತು: "ಹನ್ನೊಂದಕ್ಕ, ಮಗ್ಗ ನಿಲ್ಸು."

ಅವನ ಬಾಯಿ ಮುಚ್ಚುವ ಮೊದಲೇ ಹನ್ನೊಂದನೆಯ ಮಗ್ಗ ನಿಂತಿತ್ತು. ಅತ್ತೆ ಸೊಂಟದ ಮೇಲೆ ಕೈಯಿಟ್ಟು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಆಮೇಲೆ ತುಟಿಯಲ್ಲೇ ಕೇಳಿದಳು: "ಮೀಸೇನ ಪ್ಯಾಕಿಂಗ್ ರೂಮಿಗೆ ಕಳಿಸಿದ್ರಾ?" ಅವನಿಗೆ ಅರ್ಥವಾಗಲಿಲ್ಲ. ಪಕ್ಕದಲ್ಲಿ ಹದಿಮೂರಕ್ಕ ನಗುತ್ತ ನಗುತ್ತ ಮಗ್ಗಕ್ಕೇ ಒರಗಿಬಿಟ್ಟಳು. ಮೇಸ್ತ್ರಿ ನಕ್ಕು ತಲೆಯಾಡಿಸಿದ.

ಅತ್ತೆ ಬೆರಳು ಎತ್ತಿ ಅವನನ್ನು ಗದರಿಸಿದಳು, ಹಾಗೆ ಸುಮ್ಮನೆ ತಲೆಯಾಡಿಸಬಾರದು ಎಂದು. ಹತ್ತಿರ ಬಾ ಎಂದು ಕರೆದು, ಅದೇ ಮಾತನ್ನು ಅವನ ಮುಖದ ಮುಂದೆ ನಿಧಾನವಾಗಿ ಇನ್ನೊಮ್ಮೆ ಹೇಳಿದಳು. ಅವನು ಕಣ್ಣು ಕಿರಿದು ಮಾಡಿ ಅವಳ ತುಟಿಯನ್ನು ನೋಡತೊಡಗಿದ.